ತಾಮ್ರದ ಬೆಲೆಗೆ ಕೊಂಡ ಚಿನ್ನ



ಕಳೆದ ಮಳೆಗಾಲದ ಒಂದು ಭಾನುವಾರ, ಎರಡನೆಯ ಬಲಿಪೂಜೆ ಮುಗಿದು ಜನರೆಲ್ಲ ಚದುರಿದ ಮೇಲೆ, ಧರ್ಮಕೇಂದ್ರದ ಯುವಕನೊಬ್ಬ ಗುರುನಿವಾಸದ ಜಗಲಿಯಲ್ಲಿ ನನಗಾಗಿ ಕಾದು ಕುಳಿತಿದ್ದ. ಕಂಪ್ಯೂಟರ್ ಸಂಸ್ಥೆಯೊಂದರಲ್ಲಿ ದುಡಿಯುವ, ತಂದೆತಾಯಿಯರನ್ನು ಚೆನ್ನಾಗಿ ನೋಡಿಕೊಳ್ಳುವ ಹುಡುಗ. ಮದುವೆಯ ವಿಚಾರವಿರಬಹುದೆಂದು ಭಾವಿಸಿದೆ. ಅವನು ಕೇಳಿದ ಪ್ರಶ್ನೆಯೇ ಬೇರೆ: “ಫಾದರ್, ಆಟದಲ್ಲಿ ಒಬ್ಬನಿಗೆ ಮೋಸ ಮಾಡಿದರೆ ಅದು ಮೋಸವೇ?” ಇದು ಪಾಪನಿವೇದನೆಯಲ್ಲಿ ಬಂದ ಮಾತಲ್ಲವೆಂದು ಮೊದಲೇ ಸ್ಪಷ್ಟಪಡಿಸುತ್ತೇನೆ. ಚಹಾ ಕುಡಿಯುತ್ತಾ ಆಡಿದ ಮಾತು. ಬರೆಯಲು ಅವನೇ ಒಪ್ಪಿಗೆ ಕೊಟ್ಟಿದ್ದಾನೆ.

ನನ್ನ ಮೊದಲ ಉತ್ತರ ತುಸು ಉಡಾಫೆಯದಾಗಿತ್ತು. ಚೌಕಾಬಾರದಲ್ಲಿ ಕಾಯಿ ಹೊಡೆಯುವುದು ಕೊಲೆಯಲ್ಲ, ಇಸ್ಪೀಟಿನಲ್ಲಿ ಎದುರಾಳಿಯನ್ನು ದಾರಿ ತಪ್ಪಿಸುವುದು ಸುಳ್ಳಲ್ಲ, ಆಟದೊಳಗಿನ ಕ್ರಿಯೆಯನ್ನು ಆಟದ ನಿಯಮದಿಂದಲೇ ಅಳೆಯಬೇಕು ಎಂದು ಗುರುಮಠದಲ್ಲಿ ಕಲಿತ ನೀತಿಶಾಸ್ತ್ರದ ಗತ್ತಿನಲ್ಲಿ ಹೇಳಿ ಮುಗಿಸಿದೆ. ಅವನು ವಾದಿಸಲಿಲ್ಲ. “ಆ ಪೇಟೆ ಹೇಗೆ ನಡೆಯುತ್ತದೆ ಎಂಬುದನ್ನು ಮೊದಲು ಕೇಳಿ ಫಾದರ್, ಆಮೇಲೆ ತೀರ್ಪು ಕೊಡಿ” ಎಂದ. ಕೇಳಿದೆ. ಅರ್ಥವಾಗಲು ಮೂರು ಭಾನುವಾರಗಳು ಬೇಕಾದವು. ಅರ್ಥವಾದಷ್ಟನ್ನು ನಿಮ್ಮ ಮುಂದಿಡುತ್ತೇನೆ.

ಅವನು ಆಡುವ ಆಟದ ಹೆಸರು ‘ದಿ ಎಲ್ಡರ್ ಸ್ಕ್ರೋಲ್ಸ್ ಆನ್‌ಲೈನ್’. ಅಮೆರಿಕದ ಸಂಸ್ಥೆಯೊಂದು 2014ರ ಏಪ್ರಿಲ್‌ನಲ್ಲಿ ಇದನ್ನು ಆರಂಭಿಸಿತು. ಟ್ಯಾಮ್ರಿಯೆಲ್ ಎಂಬ ಕಲ್ಪಿತ ಭೂಖಂಡದಲ್ಲಿ ಜಗತ್ತಿನ ನಾನಾ ಮೂಲೆಗಳ ಜನ ಯೋಧರಾಗಿ, ಮಾಂತ್ರಿಕರಾಗಿ, ಕಮ್ಮಾರರಾಗಿ ಏಕಕಾಲದಲ್ಲಿ ಸಂಚರಿಸುತ್ತಾರೆ. ರಾಕ್ಷಸರನ್ನು ಕೊಲ್ಲುವುದು ಇದ್ದೇ ಇದೆ. ಆದರೆ ಅನೇಕರನ್ನು ಅಲ್ಲಿ ಹಿಡಿದು ನಿಲ್ಲಿಸಿರುವುದು ಯುದ್ಧಕ್ಕಿಂತ ಹೆಚ್ಚಾಗಿ ವ್ಯಾಪಾರ. ಗಿಡಮೂಲಿಕೆ, ಅದಿರು, ಆಯುಧ, ಮನೆಗೆ ಬೇಕಾದ ಮೇಜು ಕುರ್ಚಿ, ಅವುಗಳನ್ನು ತಯಾರಿಸಲು ಬೇಕಾದ ಅಪರೂಪದ ವಿನ್ಯಾಸಪತ್ರ, ಹೀಗೆ ಎಲ್ಲವನ್ನೂ ಆಟಗಾರರೇ ಹುಡುಕಿ, ತಯಾರಿಸಿ, ಪರಸ್ಪರ ಮಾರುತ್ತಾರೆ. ಚಲಾವಣೆಯ ಹಣ ಚಿನ್ನದ ನಾಣ್ಯ.

ಇಂಥ ಕೆಲವು ಆಟಗಳಲ್ಲಿ ಎಲ್ಲ ಸರಕೂ ಒಂದೇ ಹರಾಜು ಕಟ್ಟೆಗೆ ಬರುತ್ತದೆ. ಮಾರುವವನು ಯಾರೆಂದು ಕೊಳ್ಳುವವನಿಗೆ ತಿಳಿಯಬೇಕಾಗಿಲ್ಲ. ‘ಡಯಾಬ್ಲೊ 3’ ಎಂಬ ಆಟ 2012ರಲ್ಲಿ ನಿಜವಾದ ಹಣಕ್ಕೂ ಸರಕು ಮಾರುವ ಇಂಥ ಕಟ್ಟೆಯನ್ನು ತೆರೆದು, ಅದರಿಂದ ಆಟದ ಸ್ವಾರಸ್ಯವೇ ಕೆಟ್ಟಿತೆಂದು 2014ರ ಮಾರ್ಚ್‌ನಲ್ಲಿ ತಾನೇ ಮುಚ್ಚಿತು. ಕೆಲವೇ ವಾರಗಳ ನಂತರ ಬಂದ ಟ್ಯಾಮ್ರಿಯೆಲ್‌ನ ನಿರ್ಮಾಪಕರು ಬೇರೆ ದಾರಿ ಹಿಡಿದಿದ್ದರು. ಅಲ್ಲಿ ಎಲ್ಲರಿಗೂ ಸೇರಿದ ಒಂದು ಮಾರುಕಟ್ಟೆಯೇ ಇಲ್ಲ. ವ್ಯಾಪಾರವನ್ನು ಗಿಲ್ಡ್‌ಗಳಿಗೆ, ಎಂದರೆ ಆಟಗಾರರೇ ಕಟ್ಟಿಕೊಂಡ ವರ್ತಕ ಸಂಘಗಳಿಗೆ ಬಿಟ್ಟುಕೊಡಲಾಗಿದೆ.

ಒಂದು ಸಂಘದಲ್ಲಿ 50 ಜನ ಸೇರಿದರೆ ಅದಕ್ಕೆ ಸ್ವಂತ ಅಂಗಡಿ ಸಿಗುತ್ತದೆ. 500ಕ್ಕಿಂತ ಹೆಚ್ಚು ಜನ ಸೇರುವಂತಿಲ್ಲ. (ಈ ಸಂಖ್ಯೆ ಕೇಳಿದಾಗ ನನಗೆ ನಮ್ಮ ಅಯ್ಯಾವೊಳೆಯ ಐನೂರ್ವರು ನೆನಪಾದರು. ಕೇವಲ ಕಾಕತಾಳೀಯ, ಬಿಡಿ.) ಒಬ್ಬ ಆಟಗಾರ ಐದು ಸಂಘಗಳವರೆಗೆ ಸದಸ್ಯನಾಗಬಹುದು. ಪ್ರತಿ ಸಂಘದ ಅಂಗಡಿಯಲ್ಲಿ ಒಮ್ಮೆಗೆ 30 ಸರಕುಗಳನ್ನು ಮಾರಾಟಕ್ಕಿಡಬಹುದು. ಇಡುವಾಗಲೇ ಹೇಳಿದ ಬೆಲೆಯ ಶೇಕಡಾ 1ರಷ್ಟು ಶುಲ್ಕ ಕೊಡಬೇಕು. ಮಾರಾಟವಾದಾಗ ಶೇಕಡಾ 7 ಕಡಿತವಾಗುತ್ತದೆ. ಅದರಲ್ಲಿ ಅರ್ಧ ಸಂಘದ ಬೊಕ್ಕಸಕ್ಕೆ ಹೋದರೆ, ಉಳಿದರ್ಧ ಯಾರಿಗೂ ಸೇರದೆ ಆಟದಿಂದಲೇ ಮಾಯವಾಗುತ್ತದೆ. ರಾಕ್ಷಸನನ್ನು ಕೊಂದಾಗಲೆಲ್ಲ ಹೊಸ ನಾಣ್ಯ ಹುಟ್ಟುವ ಲೋಕದಲ್ಲಿ ನಾಣ್ಯವನ್ನು ಸುಡುವ ಒಲೆಯೂ ಬೇಕು, ಇಲ್ಲವಾದರೆ ಹಣದುಬ್ಬರ.

ಆದರೆ ಸಂಘದ ಅಂಗಡಿ ಸಂಘದವರಿಗೆ ಮಾತ್ರ ತೆರೆದಿರುತ್ತದೆ. ಹೊರಗಿನ ಗಿರಾಕಿ ಬರಬೇಕಾದರೆ ಊರಿನ ಪೇಟೆಯಲ್ಲಿ ಒಂದು ಮಳಿಗೆ ಹಿಡಿಯಬೇಕು. ಮಳಿಗೆಗಳ ಸಂಖ್ಯೆ ಸೀಮಿತ, ಗುತ್ತಿಗೆ ಒಂದೇ ವಾರದ್ದು. ಯಾವ ಸಂಘ ಎಷ್ಟು ಕೂಗಿದೆ ಎಂಬುದು ಇನ್ನೊಂದಕ್ಕೆ ತಿಳಿಯದು. ನಮ್ಮಲ್ಲಿ ಮುಚ್ಚಿದ ಲಕೋಟೆಯ ಟೆಂಡರ್ ಕರೆಯುವಂತೆ. ಹೆಚ್ಚು ಬರೆದವರಿಗೆ ಮಳಿಗೆ. ಗೆದ್ದವರ ಚಿನ್ನ ಸುಟ್ಟುಹೋಗುತ್ತದೆ, ಸೋತವರದು ಹಿಂದಿರುಗುತ್ತದೆ. ಮೊದಲ ವರ್ಷಗಳಲ್ಲಿ ಒಂದು ಸಂಘ ಒಂದೇ ಮಳಿಗೆಗೆ ಕೂಗಬಹುದಿತ್ತು. ಸೋತರೆ ಆ ವಾರವಿಡೀ ಅಂಗಡಿಯ ಬಾಗಿಲು ಹಾಕಿದಂತೆಯೇ. ಹೀಗಾಗಿ ಸಿರಿವಂತ ಸಂಘಗಳು ಬೇನಾಮಿ ಸಂಘಗಳನ್ನು ಕಟ್ಟಿ, ಅವುಗಳ ಹೆಸರಿನಲ್ಲಿ ಇನ್ನೊಂದು ಮಳಿಗೆ ಹಿಡಿದಿಟ್ಟು, ಬೇಡವಾದರೆ ಮತ್ತೊಬ್ಬರಿಗೆ ಲಾಭಕ್ಕೆ ಬಿಟ್ಟುಕೊಡುವ ಪದ್ಧತಿ ಬೆಳೆಯಿತು. 2019ರಲ್ಲಿ ನಿಯಮ ಬದಲಿಸಿ, ಆದ್ಯತೆಯ ಕ್ರಮದಲ್ಲಿ ಒಂದೇ ಸಂಘ ಹತ್ತು ಮಳಿಗೆಗಳವರೆಗೆ ಕೂಗಲು ಅವಕಾಶ ಕೊಡಲಾಯಿತು. ಮಾಯಾಲೋಕವೆಂದು ಅವನು ಕರೆದ ಜಾಗದಲ್ಲಿ ಬೇನಾಮಿಯೂ ಇದೆಯೆಂದು ತಿಳಿದಾಗ ನನಗೆ ನಗು ಬಂತು. ಮನುಷ್ಯ ಎಲ್ಲಿಗೆ ಹೋದರೂ ತನ್ನ ಗಂಟುಮೂಟೆಯನ್ನು ಹೊತ್ತೇ ಹೋಗುತ್ತಾನೆ.

ಪ್ರಮುಖ ಪೇಟೆಗಳಲ್ಲಿ ಈ ವಾರದ ಬಾಡಿಗೆ ಲಕ್ಷಗಳನ್ನು ದಾಟುತ್ತದೆ. ಅದನ್ನು ಹೊಂದಿಸಲು ಸಂಘದ ಮುಖ್ಯಸ್ಥರು ಸದಸ್ಯರಿಂದ ವಾರದ ವಂತಿಗೆ ಎತ್ತುತ್ತಾರೆ, ಲಾಟರಿ ನಡೆಸುತ್ತಾರೆ, ದಾನವಾಗಿ ಬಂದ ಸರಕನ್ನು ಹರಾಜು ಹಾಕುತ್ತಾರೆ. ಸಾಕಷ್ಟು ವ್ಯಾಪಾರ ಮಾಡದ ಸದಸ್ಯನನ್ನು ಕೈಬಿಟ್ಟು ಬೇರೊಬ್ಬನನ್ನು ಸೇರಿಸಿಕೊಳ್ಳುವ ಸಂಘಗಳೂ ಇವೆ. ಬೊಕ್ಕಸದಿಂದ ಚಿನ್ನ ತೆಗೆಯುವ ಅಧಿಕಾರ ಮುಖ್ಯಸ್ಥ ಯಾರಿಗೆ ಕೊಡುತ್ತಾನೋ ಅವರಿಗೆ. ಅವರು ಯಾಕೆ ತೆಗೆಯುತ್ತಿದ್ದಾರೆಂದು ಯಂತ್ರ ಕೇಳುವುದಿಲ್ಲ. ಐನೂರು ಜನ, ಒಬ್ಬರ ಮುಖ ಒಬ್ಬರು ಕಂಡವರಲ್ಲ, ನಿಜವಾದ ಹೆಸರೂ ತಿಳಿಯದು. ಆದರೂ ಅಂಥವನ ಕೈಗೆ ವಾರವಾರವೂ ಗಂಟು ಕೊಡುತ್ತಾರೆ. ನಮ್ಮ ಊರಿನ ಚೀಟಿ ವ್ಯವಹಾರಗಳಲ್ಲಿ ಏನೇನು ನಡೆಯುತ್ತದೆಂದು ಬಲ್ಲ ನನಗೆ ಇದು ನಂಬಲಾಗದ ಸಂಗತಿಯಾಗಿ ಕಂಡಿತು.

ಈಗ ಅವನ ಕಥೆಗೆ ಬರೋಣ. ಮಳಿಗೆಗೆ ಬಂದು ಯಾರು ಬೇಕಾದರೂ ಕೊಳ್ಳಬಹುದು, ಆದರೆ ಮಾರಲು ಸಂಘದ ಸದಸ್ಯನಾಗಿರಬೇಕು ಎಂಬುದನ್ನು ಗಮನಿಸಿ. ಹೊಸದಾಗಿ ಬಂದವನಿಗೆ ಸಂಘವಿಲ್ಲ, ಬೆಲೆಯ ತಿಳಿವಳಿಕೆಯೂ ಇಲ್ಲ. ಅಂಥವನೊಬ್ಬ ಒಂದು ಸಂಜೆ, ದಾರಿಯಲ್ಲಿ ಸಿಕ್ಕ ವಿನ್ಯಾಸಪತ್ರವೊಂದು ಯಾರಿಗಾದರೂ ಬೇಕೇ ಎಂದು ಎಲ್ಲರಿಗೂ ಕಾಣುವಂತೆ ಬರೆದ. 2,000 ನಾಣ್ಯ ಕೊಟ್ಟರೆ ಸಾಕು, ಕುದುರೆ ಕೊಳ್ಳಲು ಹಣ ಕೂಡಿಸುತ್ತಿದ್ದೇನೆ ಎಂದ. ನಮ್ಮ ಹುಡುಗನಿಗೆ ನೋಡಿದ ಕೂಡಲೇ ಗೊತ್ತಾಯಿತು, ಅದು ಅಪರೂಪದ್ದು. ಸಂಘದ ಮಾರಾಟದ ದಾಖಲೆಗಳಲ್ಲಿ ಅದರ ಬೆಲೆ 3,00,000. ಏನೂ ಹೇಳದೆ 2,000 ಕೊಟ್ಟು ಕೊಂಡ. ಮರುದಿನ ಸಂಘದ ಮಳಿಗೆಯಲ್ಲಿಟ್ಟು ಮೂರು ಲಕ್ಷಕ್ಕೇ ಮಾರಿದ. ಇಡುವಾಗ 3,000, ಮಾರಿದಾಗ 21,000 ಹೋಗಿ ಕೈಗೆ ಬಂದದ್ದು 2,76,000. ಸಂಘಕ್ಕೆ 10,500 ಸಿಕ್ಕಿತು. ಎಲ್ಲ ನಿಯಮಬದ್ಧ. ಅವನ ನಿದ್ದೆ ಕೆಡಿಸಿದ್ದು ಬೇರೆಯದೇ: 2,000 ಕೈ ಸೇರಿದೊಡನೆ ಆ ಹೊಸಬ ಥ್ಯಾಂಕ್ಸ್ ಎಂದು ಬರೆದು, ನೀವು ಬಹಳ ಒಳ್ಳೆಯವರು ಎಂದಿದ್ದನಂತೆ.

ಇರಲಿ ಬಿಡು, ಅದು ನಿಜವಾದ ಹಣವಲ್ಲವಲ್ಲ ಎಂದೆ. ಹೀಗೆನ್ನುವುದು ನಮ್ಮ ವಯಸ್ಸಿನವರಿಗೆ ಸುಲಭ. 2001ರಲ್ಲಿ ಎಡ್ವರ್ಡ್ ಕ್ಯಾಸ್ಟ್ರೊನೋವಾ ಎಂಬ ಅಮೆರಿಕದ ಅರ್ಥಶಾಸ್ತ್ರಜ್ಞರು ‘ಎವರ್‌ಕ್ವೆಸ್ಟ್’ ಎಂಬ ಆಟದ ನೊರಾತ್ ಲೋಕವನ್ನು ಒಂದು ದೇಶವೆಂಬಂತೆ ಅಧ್ಯಯನ ಮಾಡಿದರು. ಅಲ್ಲಿಯ ಸರಕನ್ನು ಹೊರಗೆ ಡಾಲರುಗಳಿಗೆ ಮಾರುತ್ತಿದ್ದ ಬೆಲೆಯನ್ನು ಹಿಡಿದು ಲೆಕ್ಕ ಹಾಕಿದಾಗ, ಆ ಇಲ್ಲದ ದೇಶದ ತಲಾ ಉತ್ಪನ್ನ ರಷ್ಯಾ ಮತ್ತು ಬಲ್ಗೇರಿಯಾಗಳ ನಡುವೆ ಬಂದು ನಿಂತಿತು. ಜನ ತಮ್ಮ ಸಮಯವನ್ನು ಎಲ್ಲಿ ಸುರಿಯುತ್ತಾರೋ ಅಲ್ಲಿ ಬೆಲೆ ಹುಟ್ಟುತ್ತದೆ.

ಇನ್ನೊಂದು ಪ್ರಕರಣ ನೆದರ್‌ಲ್ಯಾಂಡ್ಸ್‌ನದು. 2007ರಲ್ಲಿ ಇಬ್ಬರು ಹುಡುಗರು 13 ವರ್ಷದ ಬಾಲಕನೊಬ್ಬನನ್ನು ಹೊಡೆದು ಬೆದರಿಸಿ, ‘ರೂನ್‌ಸ್ಕೇಪ್’ ಎಂಬ ಆಟದಲ್ಲಿ ಅವನ ಬಳಿಯಿದ್ದ ಒಂದು ತಾಯಿತ ಮತ್ತು ಒಂದು ಮುಖವಾಡವನ್ನು ತಮ್ಮ ಖಾತೆಗೆ ವರ್ಗಾಯಿಸಿಕೊಂಡರು. ಮುಟ್ಟಲಾಗದ ವಸ್ತುವನ್ನು ಕದಿಯುವುದೆಂತು ಎಂಬುದು ವಕೀಲರ ವಾದ. 2012ರ ಜನವರಿಯಲ್ಲಿ ಆ ದೇಶದ ಸರ್ವೋಚ್ಚ ನ್ಯಾಯಾಲಯ ಆ ವಾದವನ್ನು ತಳ್ಳಿಹಾಕಿತು. ಬಾಲಕ ಸಮಯ ಮತ್ತು ಶ್ರಮ ವ್ಯಯಿಸಿ ಅವುಗಳನ್ನು ಗಳಿಸಿದ್ದ, ಅವು ಅವನ ಅಧೀನದಲ್ಲಿದ್ದವು, ಅವನಿಂದ ಕಿತ್ತುಕೊಳ್ಳಲಾಯಿತು. ಆದ್ದರಿಂದ ಅದು ಕಳ್ಳತನವೇ ಎಂದಿತು.

ಇದನ್ನು ಓದಿ ಹೇಳಿದಾಗ ನಮ್ಮ ಹುಡುಗ ಒಪ್ಪಲಿಲ್ಲ. “ಅಲ್ಲಿ ಹೊಡೆದದ್ದು ಆಟದ ಹೊರಗೆ, ಫಾದರ್. ಆಟದ ನಿಯಮವನ್ನು ಮೀರಿ ಕಿತ್ತುಕೊಂಡದ್ದು. ನಾನು ನಿಯಮದೊಳಗೇ ಇದ್ದೆ” ಎಂದ. ಅವನ ಮಾತಿನಲ್ಲಿ ಹುರುಳಿತ್ತು. ನಿಯಮವೇ ಮೋಸಕ್ಕೆ ಅನುಮತಿ ಕೊಟ್ಟರೆ? ಅದಕ್ಕೂ ಒಂದು ಉದಾಹರಣೆ ಸಿಕ್ಕಿತು.

ಐಸ್‌ಲ್ಯಾಂಡಿನ ಸಂಸ್ಥೆಯೊಂದು 2003ರಲ್ಲಿ ಆರಂಭಿಸಿದ ‘ಈವ್ ಆನ್‌ಲೈನ್’ ಎಂಬ ಆಟ ನಕ್ಷತ್ರಲೋಕದಲ್ಲಿ ನಡೆಯುತ್ತದೆ. ಸಂಘಗಳಿಗೆ ಅಲ್ಲಿ ಕಾರ್ಪೊರೇಷನ್ ಎನ್ನುತ್ತಾರೆ. ಸಂಘಕ್ಕೆ ಸೇರಿ, ನಂಬಿಕೆ ಗಳಿಸಿ, ಬೊಕ್ಕಸ ದೋಚುವುದು ಅಲ್ಲಿ ಆಟದ ಒಂದು ಭಾಗ, ನಿಯಮ ತಡೆಯುವುದಿಲ್ಲ. ಅಂಥ ಕಡೆಯಲ್ಲೂ ಆಟಗಾರರೇ ‘ಇಬ್ಯಾಂಕ್’ ಎಂಬ ಬ್ಯಾಂಕ್ ಕಟ್ಟಿದರು. ಠೇವಣಿ ಪಡೆದರು, ಸಾಲ ಕೊಟ್ಟರು, ಬಡ್ಡಿಯನ್ನೂ ಕೊಟ್ಟರು. 2009ರಲ್ಲಿ ಅದನ್ನು ನಡೆಸುತ್ತಿದ್ದ ಆಸ್ಟ್ರೇಲಿಯಾದ ಯುವಕನೊಬ್ಬ ಆಟದ ಹಣದ ಲೆಕ್ಕದಲ್ಲಿ 20,000 ಕೋಟಿಯಷ್ಟನ್ನು ಎತ್ತಿ, ಕಾಳಸಂತೆಯಲ್ಲಿ ಮಾರಿ, ಸುಮಾರು 6,300 ಆಸ್ಟ್ರೇಲಿಯನ್ ಡಾಲರುಗಳನ್ನು ಪಡೆದ. ಸುದ್ದಿ ಹರಡಿದೊಡನೆ ಠೇವಣಿದಾರರು ತಮ್ಮ ಹಣ ಹಿಂಪಡೆಯಲು ಮುಗಿಬಿದ್ದರು. ಆ ಯುವಕ ಕೊಟ್ಟ ಕಾರಣ: ಮನೆಗೆ ಮುಂಗಡ ಕಟ್ಟಬೇಕಿತ್ತು, ಮಗನ ಚಿಕಿತ್ಸೆಯ ವೆಚ್ಚವಿತ್ತು.

ಸಂಸ್ಥೆ ಅವನನ್ನು ಆಟದಿಂದ ಹೊರಹಾಕಿತು. ಯಾತಕ್ಕಾಗಿ? ನಂಬಿದವರ ಹಣ ಎತ್ತಿದ್ದಕ್ಕಲ್ಲ. ಆಟದ ಹಣವನ್ನು ಹೊರಗಿನ ಹಣಕ್ಕೆ ಮಾರಿದ್ದಕ್ಕೆ. ಆ ಹಣವನ್ನೆಲ್ಲ ಆಟದೊಳಗೇ ಇಟ್ಟುಕೊಂಡು ಒಂದು ಯುದ್ಧನೌಕೆ ಕೊಂಡಿದ್ದರೆ ಅವನು ನಿರಪರಾಧಿಯಾಗಿ ಉಳಿಯುತ್ತಿದ್ದ. ಮಗನಿಗೆ ಔಷಧಿ ಕೊಂಡದ್ದರಿಂದ ಅಪರಾಧಿಯಾದ. ಈ ವಿಚಿತ್ರದ ಮುಂದೆ ನಾನು ಬಹಳ ಹೊತ್ತು ನಿಂತೆ. ಮಗುವಿನ ಕಾಯಿಲೆಯ ಮಾತು ಕೇಳಿ ಕರುಳು ಚುರುಕ್ಕೆನ್ನುತ್ತದೆ. ಆದರೂ ಆ ಬ್ಯಾಂಕಿನಲ್ಲಿ ಹಣವಿಟ್ಟವರು ಕೈ ಕೊಡುತ್ತಾನೆಂದು ಭಾವಿಸಿ ಇಟ್ಟವರಲ್ಲ. ಎಲ್ಲರೂ ಎಲ್ಲರನ್ನೂ ವಂಚಿಸಬಹುದಾದ ಲೋಕದಲ್ಲಿ, ಈತನೊಬ್ಬ ವಂಚಿಸಲಾರ ಎಂದು ನಂಬಿ ಇಟ್ಟರು. ಆ ನಂಬಿಕೆಯನ್ನು ಆಟದ ಯಂತ್ರ ಸೃಷ್ಟಿಸಿದ್ದಲ್ಲ, ರಾಕ್ಷಸನನ್ನು ಕೊಂದು ಪಡೆಯಬಹುದಾದದ್ದೂ ಅಲ್ಲ. ಹೊರಗಿನ ಮನುಷ್ಯರು ತಮ್ಮೊಳಗಿನಿಂದ ತಂದು ಅಲ್ಲಿಟ್ಟದ್ದು ಅದು. ನಾಣ್ಯ ಕಲ್ಪಿತ, ಕೊಟ್ಟ ಮಾತನ್ನು ಕಲ್ಪಿತವೆನ್ನಲು ನನಗೆ ದಾರಿ ಕಾಣಲಿಲ್ಲ.

ಚೌಕಾಬಾರದ ನನ್ನ ಹೋಲಿಕೆ ಅಲ್ಲಿಗೆ ಬಿದ್ದುಹೋಯಿತು. ಚೌಕಾಬಾರದಲ್ಲಿ ಕಾಯಿ ಹೊಡೆಯುವೆನೆಂದು ಎದುರಿನವನಿಗೂ ಗೊತ್ತು. ಅವನೂ ಹೊಡೆಯಲೆಂದೇ ಕುಳಿತಿದ್ದಾನೆ. ದಾರಿಯಲ್ಲಿ ಸಿಕ್ಕ ಪತ್ರವನ್ನು ಹಿಡಿದು ನಿಂತ ಆ ಹೊಸಬ ಯಾರ ಎದುರಾಳಿಯೂ ಆಗಿರಲಿಲ್ಲ.

ಆದರೂ ನಮ್ಮ ಹುಡುಗ ಯಾವ ಮಾತನ್ನೂ ಮುರಿದಿಲ್ಲ, ಸುಳ್ಳನ್ನೂ ಹೇಳಿಲ್ಲ. ಸುಮ್ಮನಿದ್ದ, ಅಷ್ಟೆ. ಇಲ್ಲಿ ನಾನು ಬಹಳ ವರ್ಷಗಳ ನಂತರ ಸಂತ ತೋಮಸ್ ಅಕ್ವಿನಾಸರ ‘ಸುಮ್ಮ ಥಿಯೊಲೊಜಿಯ’ದ ಧೂಳು ಕೊಡವಬೇಕಾಯಿತು. ವರ್ತಕ ಸಂಘಗಳು ಯುರೋಪಿನ ಊರುಗಳಲ್ಲಿ ನಿಜವಾಗಿಯೇ ಪೇಟೆ ನಡೆಸುತ್ತಿದ್ದ 13ನೆಯ ಶತಮಾನದಲ್ಲಿ ಬರೆದ ಗ್ರಂಥವದು. ವ್ಯಾಪಾರದ ಮೋಸದ ಕುರಿತೇ ಅದರಲ್ಲಿ ಒಂದು ಪ್ರಕರಣವಿದೆ. ಅಲ್ಲಿ ಧಾನ್ಯದ ವ್ಯಾಪಾರಿಯೊಬ್ಬ ಬರುತ್ತಾನೆ. ಕಾಳು ದುಬಾರಿಯಾಗಿರುವ ಊರಿಗೆ ಅವನು ಮೊದಲು ತಲುಪಿದ್ದಾನೆ. ಹಿಂದೆ ಇನ್ನೂ ಅನೇಕರು ಧಾನ್ಯ ತರುತ್ತಿದ್ದಾರೆಂದು ಅವನೊಬ್ಬನಿಗೇ ಗೊತ್ತು. ಹೇಳಿದರೆ ಬೆಲೆ ಇಳಿಯುತ್ತದೆ. ಹೇಳಲೇಬೇಕೇ? ನ್ಯಾಯದ ದೃಷ್ಟಿಯಿಂದ ಅವನು ಹೇಳಲು ಬದ್ಧನಲ್ಲ, ಹೇಳಿದರೆ ಅಥವಾ ಬೆಲೆ ಇಳಿಸಿದರೆ ಅದು ಹೆಚ್ಚಿನ ಸದ್ಗುಣ ಎಂಬುದು ಸಂತರ ಉತ್ತರ.

ಇದನ್ನು ಕೇಳಿ ಹುಡುಗನ ಮುಖ ಅರಳಿತು. ನನಗೂ ಹಾಯೆನಿಸಿತು. ಆದರೆ ಪುಟ ಹಿಂದಕ್ಕೆ ತಿರುಗಿಸಿದರೆ ಇನ್ನೊಂದು ಸಾಲಿದೆ, ಅದನ್ನು ಮುಚ್ಚಿಡುವಂತಿಲ್ಲ. ಮಾರುವವನು ತನ್ನ ವಸ್ತು ಏನೆಂದೇ ತಿಳಿಯದೆ, ತಾಮ್ರವೆಂದು ಭಾವಿಸಿ ಚಿನ್ನವನ್ನು ಕೊಟ್ಟರೆ, ಕೊಳ್ಳುವವನಿಗೆ ಅದು ತಿಳಿದಿದ್ದರೆ, ಆ ಖರೀದಿ ಅನ್ಯಾಯದ್ದು. ಹಿಂದಿರುಗಿಸಲು ಅವನು ಬದ್ಧ ಎನ್ನುತ್ತಾರೆ ಅಕ್ವಿನಾಸರು. ಧಾನ್ಯ ಕೊಂಡವರು ಧಾನ್ಯವನ್ನೇ ಕೊಂಡರು, ಆ ದಿನ ಊರಿನಲ್ಲಿ ಅದರ ಬೆಲೆಯೂ ಅಷ್ಟೇ ಇತ್ತು. ನಾಳೆಯ ಬೆಲೆಯನ್ನು ಯಾರೂ ಯಾರಿಗೂ ತಿಳಿಸಬೇಕಾದ ಸಾಲವಿಲ್ಲ. ತಾಮ್ರವೆಂದು ಚಿನ್ನ ಕೊಟ್ಟವನಿಗಾದರೋ ಇಂದು ತನ್ನ ಅಂಗೈಯಲ್ಲಿ ಏನಿದೆಯೆಂಬುದೇ ತಿಳಿಯದು.

ವಿನ್ಯಾಸಪತ್ರ ಇವೆರಡರಲ್ಲಿ ಯಾವುದು? ನಾವಿಬ್ಬರೂ ಇದನ್ನು ಒಂದು ಗಂಟೆ ಎಳೆದಾಡಿದೆವು. ಆ ಪತ್ರದ ಹೆಸರು ಅದರ ಮೇಲೇ ಬರೆದಿತ್ತು, ಹುಡುಕಿದ್ದರೆ ಬೆಲೆ ತಿಳಿಯುತ್ತಿತ್ತು, ಅಲ್ಲಿ ಎಲ್ಲರೂ ಕಲಿಯುವುದು ಹೀಗೆ ಒಮ್ಮೆ ಕಳೆದುಕೊಂಡೇ, ನಾನೂ ಕಳೆದುಕೊಂಡಿದ್ದೆ ಎಂಬುದು ಅವನ ಪಕ್ಷ. ಕೊನೆಯ ಮಾತು ನನಗೆ ಹಿಡಿಸಲಿಲ್ಲ. ತನಗಾದ ಗಾಯವನ್ನೇ ಇನ್ನೊಬ್ಬನಿಗೆ ಪಾಠವೆಂದು ದಾಟಿಸುವುದು ನಮ್ಮ ಅನೇಕ ಕಚೇರಿಗಳಲ್ಲಿ, ಕೆಲವು ಕುಟುಂಬಗಳಲ್ಲೂ ನಡೆದುಬಂದಿದೆ. ಬೆಲೆ ತಿಳಿಯಲು ಬೇಕಾದ ದಾಖಲೆ ಇರುವುದು ಸಂಘದವರ ಬಳಿ, ಮಾರುವ ಹಕ್ಕೂ ಅವರಿಗೇ. ಎರಡೂ ಇರುವವನ ಮೌನಕ್ಕೆ, ಎರಡೂ ಇಲ್ಲದವನ ಎದುರು ಹೆಚ್ಚಿನ ಬೆಲೆ ಇದೆ ಎಂಬುದು ನನ್ನ ಪಕ್ಷ. ತಂದೆತಾಯಿಯರೇ, ಮಗ ಎಷ್ಟು ಗಂಟೆ ಆಡಿದನೆಂದು ಕೇಳುತ್ತೀರಿ, ಕೇಳಿ. ಇವತ್ತು ಯಾರಿಗೆ ಏನು ಮಾರಿದೆ ಎಂದೂ ಒಮ್ಮೆ ಕೇಳಿ ನೋಡಿ. ಮಾತು ಬೇರೆ ದಿಕ್ಕಿಗೆ ಹೋಗುತ್ತದೆ.

ಕೊನೆಗೆ ಅವನೇ ನಿರ್ಧರಿಸಿದ. ಬಂದದ್ದು 2,76,000, ಕೊಟ್ಟದ್ದು 2,000, ಲಾಭ 2,74,000. ಬೆಲೆ ಗುರುತಿಸಿದ್ದಕ್ಕೆ, ಮಳಿಗೆಯಲ್ಲಿಟ್ಟು ಮಾರಿದ್ದಕ್ಕೆ ತನ್ನ ಕೂಲಿಯೆಂದು 74,000 ಇಟ್ಟುಕೊಂಡು, ಉಳಿದ ಎರಡು ಲಕ್ಷವನ್ನು ಒಂದು ಸಣ್ಣ ವಿವರಣೆಯೊಂದಿಗೆ ಆಟದೊಳಗಿನ ಅಂಚೆಯಲ್ಲಿ ಆ ಹೊಸಬನಿಗೆ ಕಳುಹಿಸಿದ. ಕೂಲಿ ತುಸು ಹೆಚ್ಚಾಯಿತೆಂದು ನನಗನಿಸಿತು, ಬಾಯಿ ಬಿಡಲಿಲ್ಲ.

ಕೆಲವು ವಾರಗಳ ಬಳಿಕ ಅಂಚೆ ತೆರೆಯದೆಯೇ ಹಿಂದಿರುಗಿತು. ಆ ಹೊಸಬ ಮತ್ತೆ ಟ್ಯಾಮ್ರಿಯೆಲ್‌ಗೆ ಬಂದೇ ಇಲ್ಲ. ಕುದುರೆ ಕೊಂಡನೋ ಇಲ್ಲವೋ ತಿಳಿಯದು. ಯಾವ ದೇಶದವನು, ಬಾಲಕನೋ ಮುದುಕನೋ, ಅದೂ ತಿಳಿಯದು.

“ಈಗೇನು ಮಾಡಲಿ ಫಾದರ್?” ಎಂದು ಹುಡುಗ ಮತ್ತೆ ಜಗಲಿಯಲ್ಲಿ ಕುಳಿತ. ಇದಕ್ಕೂ ಹಳೆಯ ಉತ್ತರವಿದೆ: ಹಿಂದಿರುಗಿಸಬೇಕಾದವನು ಯಾರೆಂದೇ ತಿಳಿಯದಿದ್ದರೆ ಅದನ್ನು ಅವನ ಹೆಸರಿನಲ್ಲಿ ಬಡವರಿಗೆ ದಾನ ಮಾಡಬೇಕು. ಹೇಳಿದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, “ಅಲ್ಲಿ ಬಡವರು ಅಂದರೆ ಯಾರು ಫಾದರ್?” ಎಂದು ಕೇಳಿದ.

ಅಲ್ಲಿಗೆ ಬರಿಗೈಯಲ್ಲಿ ಯಾರು ಬರುತ್ತಾರೆ ಎಂದು ನಾನು ತಿರುಗಿ ಕೇಳಿದೆ. ದಿನವೂ ಬರುತ್ತಾರಂತೆ, ಊರ ಬಾಗಿಲಲ್ಲಿ ನಿಂತಿರುತ್ತಾರಂತೆ, ಯಾವುದು ಏನೆಂದು ತಿಳಿಯದೆ. ಯೋಚಿಸಿ ಮುಂದಿನ ಭಾನುವಾರ ಬರುತ್ತೇನೆಂದು ಹೋದ. ಎರಡು ಲಕ್ಷ ಇನ್ನೂ ಅವನ ಬಳಿಯೇ ಇದೆ.